ಜಡ್ಜಣ್ಣನ ಎಡಗಿವಿ

"ಇನ್ನೊಂದು ಸಲ ಹಾಕು," ಎಂದರು ಟೀಚರಮ್ಮ.

"ಅತ್ತಿಗೆ, ಇದು ಒಂಬತ್ತನೇ ಸಲ. ಇನ್ನೂ ಎರಡು ಸಲ ನೋಡಿದ್ರೆ ನಾನೂ ರಾಜೀನಾಮೆ ಕೊಟ್ಟುಬಿಡ್ತೀನಿ," ಎಂದ ಮೈದುನ.

"ನಿನ್ನ ಟಿವಿ ರಿಪೇರಿ ಅಂಗಡಿಗೆ ನೀನೇ ಯಜಮಾನ, ನೀನೇ ಆಳು. ರಾಜೀನಾಮೆ ಯಾರಿಗೆ ಕೊಡ್ತೀಯ? ಹಾಕು ಸುಮ್ನೆ."

ಅವನು ರಿಮೋಟ್ ಒತ್ತಿದ. ಜಡ್ಜಣ್ಣನ ಮುಖ ಟಿವಿ ತುಂಬ ಬಂದು ಕೂತಿತು.

ಹಿಂದೆ ಕಂದು ಮರದ ಗೋಡೆ. ಎರಡೂ ಭುಜ ಮುಚ್ಚಿ ಹೊದ್ದ ಬೂದು ಶಾಲು. ಶಾಲಿನ ಸಂದಿಯಲ್ಲಿ ಬಿಳಿ ಅಂಗಿಯ ಮೂರು ಗುಂಡಿ. ಹಿಂದಕ್ಕೆ ಬಾಚಿದ ಬಿಳಿ ತಲೆ, ದಪ್ಪ ಮೀಸೆ.

"ನನ್ನ ಮತದಾರ ಬಂಧುಗಳೇ..." ಒಂದು ಕ್ಷಣ ಮೌನ. ತಲೆ ಬಲಕ್ಕೆ ಸ್ವಲ್ಪ ವಾಲಿತು. "ಆರೋಗ್ಯ ಸರಿಯಿಲ್ಲದ ಕಾರಣ..." ಮತ್ತೆ ಮೌನ, ಮತ್ತೆ ವಾಲಿದ ತಲೆ. "ಶಾಸಕ ಸ್ಥಾನಕ್ಕೂ... ತನಿಖಾ ಸಮಿತಿಯ ಅಧ್ಯಕ್ಷ ಸ್ಥಾನಕ್ಕೂ... ಸ್ವಂತ ಇಚ್ಛೆಯಿಂದ ರಾಜೀನಾಮೆ ಕೊಡುತ್ತಿದ್ದೇನೆ. ಯಾರೂ ನನ್ನನ್ನು ಹುಡುಕಬೇಡಿ."

ನಿನ್ನೆ ಮಧ್ಯಾಹ್ನ ಎರಡು ಗಂಟೆಗೆ ಸಿನಿಮಾ ಶೂಟಿಂಗಿನ ಊಟದ ಬಿಡುವಿನಲ್ಲಿ ಐದು ನಿಮಿಷ ಮಲಗಿ ಬರುತ್ತೇನೆಂದು ಎದ್ದುಹೋದ ಮನುಷ್ಯ ಮತ್ತೆ ಯಾರ ಕಣ್ಣಿಗೂ ಬಿದ್ದಿರಲಿಲ್ಲ. ಇವತ್ತು ಬೆಳಿಗ್ಗೆ ಎಂಟಕ್ಕೆ ಈ ವಿಡಿಯೊ ಎಲ್ಲ ಚಾನೆಲ್‌ಗಳಿಗೂ ಬಂದಿತ್ತು.

ಸೋಫಾದ ಅಂಚಿನಲ್ಲಿ ಜಡ್ಜಣ್ಣನ ಮಗಳು ಕೂತಿದ್ದಳು. ಔಷಧಿ ಅಂಗಡಿಯಿಂದ ಹಾಗೆಯೇ ಓಡಿಬಂದಿದ್ದರಿಂದ ಬಿಳಿ ಕೋಟು ಇನ್ನೂ ಮೈಮೇಲೇ ಇತ್ತು. ಏಳನೇ ತರಗತಿಯಲ್ಲಿ ಟೀಚರಮ್ಮನ ಶಿಷ್ಯೆ ಆಗಿದ್ದವಳು. ಇವತ್ತಿಗೂ ಅವರ ಮುಂದೆ ಬೆನ್ನು ನೆಟ್ಟಗೆ ಮಾಡಿಯೇ ಕೂರುತ್ತಾಳೆ.

"ಟೀಚರ್, ನಾಲ್ಕು ಗಂಟೆಗೆ ವಿಧಾನಸಭೆ ಸೇರುತ್ತೆ. ಇವತ್ತು ಅಧಿವೇಶನದ ಕೊನೇ ದಿನ. ಬಸ್ ನಿಲ್ದಾಣದ ಚಾವಣಿ ಬಿದ್ದು ಆರು ಜನ ಸತ್ತಿದ್ರಲ್ಲ, ಆ ವರದಿಯನ್ನ ಅಪ್ಪ ಇವತ್ತು ಓದ್ಬೇಕಿತ್ತು. ಸಹಿ ಹಾಕಿದ ಪ್ರತಿ ಅವರ ಹತ್ರ ಮಾತ್ರ ಇದೆ. ಅಪ್ಪ ಬರದೇ ಇದ್ರೆ ಅದು ಅಲ್ಲಿಗೆ ಮುಗೀತು." ಅವಳು ಕೈ ಹಿಸುಕಿಕೊಂಡಳು. "ವರದಿ ಹಾಳಾಗ್ಲಿ, ಅಪ್ಪ ಬದುಕಿದ್ದಾರೋ ಇಲ್ವೋ ಅದನ್ನ ಹೇಳಿ. ಮೊನ್ನೆ ಕಾರಿನ ಬ್ರೇಕ್ ಕತ್ತರಿಸಿದವ್ರು ಸುಮ್ನೆ ಬಿಡ್ತಾರಾ?"

"ಬದುಕಿದ್ದಾರೆ. ಅದರಲ್ಲಿ ಮಾತ್ರ ನನಗೆ ಸಂದೇಹವಿಲ್ಲ," ಎಂದರು ಟೀಚರಮ್ಮ. ಪರೀಕ್ಷೆಯ ದಿನ ಹೆದರಿದ ಮಕ್ಕಳಿಗೆ ನೀರಿನ ಲೋಟ ಕೊಟ್ಟು ಕೂರಿಸುತ್ತಿದ್ದರಲ್ಲ, ಅದೇ ದನಿ. "ಈಗ ಅಳು ಸ್ವಲ್ಪ ಬದಿಗಿಟ್ಟು ನಾನು ಕೇಳಿದ್ದಕ್ಕೆ ಉತ್ತರ ಕೊಡು. ಈ ವಿಡಿಯೊ ನೋಡಿದ ಕೂಡಲೇ ನಿನಗೆ ಮೊದಲು ಏನನ್ನಿಸ್ತು?"

"ಅಪ್ಪನ ಮುಖ... ಏನೋ ಬೇರೆ ಥರ ಕಾಣ್ತು. ಅವರೇ, ಆದ್ರೂ ಅವರಲ್ಲ ಅನ್ನೋ ಹಾಗೆ. ಒಂದೇ ದಿನಕ್ಕೆ ಸೊರಗಿಬಿಟ್ರಾ ಅಂದ್ಕೊಂಡೆ."

"ಇರಬಹುದು. ಆಮೇಲೆ?"

"ಆಮೇಲೆ ಏನಿಲ್ಲ." ಅಳುವಿನ ನಡುವೆಯೇ ಅವಳಿಗೆ ಒಂದು ನಗು ಬಂತು. "ಹೋದ ವಾರ ಹೊಸ ಫೋನ್ ಹಿಡ್ಕೊಂಡು ಬಂದು, ತನ್ನ ವಿಡಿಯೊ ತಾನೇ ತೆಗೆಯೋದು ಹೇಗೆ ಪುಟ್ಟಿ ಅಂತ ಕೇಳಿದ್ರು. ಇಪ್ಪತ್ತು ವರ್ಷ ಕ್ಯಾಮೆರಾ ಮುಂದೆ ಕೂತವರು ನನ್ನ ಹತ್ರ ಪಾಠ ಹೇಳಿಸ್ಕೊಳ್ಳೋದಾ ಅಂತ ರೇಗಿಸಿದ್ದೆ."

ಇಪ್ಪತ್ತು ವರ್ಷ ಎನ್ನುವುದು ಸರಿ. ಆಗ ಜಡ್ಜಣ್ಣ ಬರಿಯ ನಗರಸಭೆಯ ಸದಸ್ಯ. ಯಾವುದೋ ಬೀದಿಯಲ್ಲಿ ಶೂಟಿಂಗ್ ಮಾಡಲು ಅನುಮತಿ ಕೇಳಿ ನಿರ್ದೇಶಕರೊಬ್ಬರು ಬಂದಿದ್ದರು. ಅವತ್ತು ನ್ಯಾಯಾಧೀಶನ ಪಾತ್ರದವನು ಕೈಕೊಟ್ಟಿದ್ದ. ಎದುರಿಗೆ ಕೂತ ಸದಸ್ಯನ ಮೈಕಟ್ಟು, ಮೀಸೆ ನೋಡಿದ ನಿರ್ದೇಶಕರು ಅನುಮತಿ ಪತ್ರದ ಜೊತೆ ಅವರನ್ನೂ ಎತ್ತಿಕೊಂಡು ಹೋದರು.

ಹೇಳಬೇಕಾದ ಪದ ಎರಡೇ ಎರಡು. "ಸಾಕ್ಷಿಯನ್ನು ಕರೆಯಿರಿ." ಚಿತ್ರಮಂದಿರದಲ್ಲಿ ಬಿದ್ದ ಶಿಳ್ಳೆಗೆ ಮುಂದಿನ ಚುನಾವಣೆಯೂ ಗೆದ್ದುಹೋಯಿತು.

ಅಂದಿನಿಂದ ವರ್ಷಕ್ಕೊಂದೋ ಎರಡೋ ದಿನ ಅವರು ಕರಿ ಕೋಟು ತೊಡುವರು. ಹದಿನೇಳು ಸಿನಿಮಾ, ಹದಿನೇಳು ತೀರ್ಪು. ನಡುವೆ ಒಬ್ಬರು ಕಳ್ಳನ ಪಾತ್ರ ಕೊಡಲು ಬಂದಾಗ ಕ್ಷೇತ್ರದ ಹೆಂಗಸರೇ ಮನೆ ಬಾಗಿಲಿಗೆ ಬಂದು, ಬೇಕಾದರೆ ಮಂತ್ರಿಯಾಗಿ, ಕಳ್ಳ ಮಾತ್ರ ಆಗಬೇಡಿ ಎಂದು ತಡೆದಿದ್ದರು. ಎರಡಕ್ಕೂ ಏನು ವ್ಯತ್ಯಾಸ ಎಂದು ಜಡ್ಜಣ್ಣ ಕೇಳಿದ ಮಾತು ಇವತ್ತಿಗೂ ಊರಿನಲ್ಲಿ ಓಡಾಡುತ್ತದೆ. ಬೇಲಿ ಜಗಳ, ನಲ್ಲಿ ಜಗಳ, ಅತ್ತೆ ಸೊಸೆ ಜಗಳ ಎಲ್ಲ ಅವರ ಜಗುಲಿಗೇ ಬರುತ್ತವೆ. "ಸಿನಿಮಾದಲ್ಲಿ ಹೇಳ್ತೀರಲ್ಲ, ಹಾಗೇ ಗಟ್ಟಿಯಾಗಿ ಹೇಳಿ ಸ್ವಾಮಿ" ಎಂದು ಜನ ಪಟ್ಟು ಹಿಡಿಯುತ್ತಾರೆ.

ಕೊರತೆ ಒಂದೇ. ಸಭೆಯಲ್ಲಿ ಚೀಟಿ ಇಲ್ಲದೆ ಎರಡು ಗಂಟೆ ಮಾತಾಡುವ ಮನುಷ್ಯನಿಗೆ ಕ್ಯಾಮೆರಾ ಮುಂದೆ ನಾಲ್ಕು ಪದ ನೆನಪಿರುವುದಿಲ್ಲ. ಅದಕ್ಕೇ ಪಿಸುರಾಯರು.

ಪಿಸುರಾಯರು ಜಡ್ಜಣ್ಣನ ಬಾಲ್ಯದ ಗೆಳೆಯ, ಆಪ್ತ ಸಹಾಯಕ. ಕ್ಯಾಮೆರಾ ಕಣ್ಣಿಗೆ ಬೀಳದ ಹಾಗೆ ಪಕ್ಕದಲ್ಲಿ ನಿಂತು ಒಂದೊಂದೇ ಮಾತು ಪಿಸುಗುಡುವುದು ಅವರ ಕೆಲಸ. ಜಡ್ಜಣ್ಣ ಅದನ್ನು ಕೇಳಿ, ಗುಡುಗಿನ ಹಾಗೆ ಒಪ್ಪಿಸುವರು. ಒಮ್ಮೆ ಕೊಲೆ ಮೊಕದ್ದಮೆಯ ತೀರ್ಪಿನ ನಡುವೆ ಪಿಸುರಾಯರಿಗೆ ಗಂಟಲು ಕೆರೆದು, "ತಡೀರಿ, ಕೆಮ್ಮು ಬಂತು" ಎಂದಿದ್ದರು. ಜಡ್ಜಣ್ಣ ಸುತ್ತಿಗೆ ಬಡಿದು, "ತಡೀರಿ, ಕೆಮ್ಮು ಬಂತು!" ಎಂದು ಇಡೀ ಕೋರ್ಟಿಗೆ ಸಾರಿದರು. ನಿರ್ದೇಶಕರು ಅದನ್ನು ಕತ್ತರಿಸಲೇ ಇಲ್ಲ.

ಟೀಚರಮ್ಮ ಎದ್ದು ಟಿವಿಯ ಹತ್ತಿರ ಹೋದರು. ಸೊಂಟದ ಮೇಲೆ ಕೈಯಿಟ್ಟು ನಿಂತರು.

"ಮೂವತ್ತು ವರ್ಷ ಶಾಲೆ ನಾಟಕದ ಪರದೆ ಹಿಂದೆ ನಿಂತು ಮಾತು ಎತ್ತಿಕೊಟ್ಟವಳು ನಾನು. ಮರೆತು ನಿಂತ ಮಗು ಹೇಗಿರುತ್ತೆ, ಹೇಳಿಸಿಕೊಂಡು ಮಾತಾಡೋ ಮಗು ಹೇಗಿರುತ್ತೆ, ಎರಡೂ ಗೊತ್ತು. ಮರೆತದ್ದು ಮೇಲೆ ನೋಡುತ್ತೆ. ಹೇಳಿಸಿಕೊಳ್ಳೋದು ಪಕ್ಕಕ್ಕೆ ಕಿವಿ ಕೊಡುತ್ತೆ. ನೋಡು, ಪ್ರತಿ ಮಾತಿಗೂ ಬಲಗಿವಿ ಕೊಟ್ಟಿದ್ದಾರೆ."

ಮಗಳು ಥಟ್ಟನೆ ತಲೆಯೆತ್ತಿದಳು.

"ಬಲಗಿವಿ," ಎಂದಳು. "ಟೀಚರ್, ಇದನ್ನ ಯಾರಿಗೂ ಹೇಳ್ಬೇಡಿ. ಅಪ್ಪನಿಗೆ ಎಡಗಿವಿ ಒಂಚೂರೂ ಕೇಳಿಸಲ್ಲ. ಮೊದಲನೇ ಚುನಾವಣೇಲಿ ಕಿವಿ ಪಕ್ಕದಲ್ಲೇ ಧ್ವನಿವರ್ಧಕ ಸಿಡಿದಿತ್ತು. ಜನರ ಕಷ್ಟ ಕೇಳದ ಕಿವುಡ ಅಂತ ಎದುರಾಳಿಗಳು ಆಡ್ಕೋತಾರೆ ಅಂತ ಮುಚ್ಚಿಟ್ರು. ನನಗೆ, ಡಾಕ್ಟರಿಗೆ, ಪಿಸುರಾಯ ಮಾಮಂಗೆ ಬಿಟ್ರೆ ಯಾರಿಗೂ ಗೊತ್ತಿಲ್ಲ."

"ಡಾಕ್ಟರು?"

"ತೀರ್ಕೊಂಡು ಎರಡು ವರ್ಷ ಆಯ್ತು."

ಉಳಿದವರು ಯಾರೆಂದು ಎಣಿಸಲು ಬೆರಳು ಬೇಕಿರಲಿಲ್ಲ.

"ಮಾಮ ಹಾಗೆಲ್ಲ ಮಾಡೋರಲ್ಲ," ಎಂದಳು ಮಗಳು, ತನಗೇ ಹೇಳಿಕೊಳ್ಳುವಂತೆ. "ನನ್ನ ಎತ್ತಿ ಆಡಿಸಿದವರು."

ಟೀಚರಮ್ಮ ಟಿವಿಯ ಮೇಲೆ ಬೆರಳಿಟ್ಟರು. "ಈ ಶಾಲಿನ ಮೇಲೆ ಹಿಟ್ಟು ಉದುರಿದ ಹಾಗಿದೆ, ನೋಡು. ಮನೆಯ ಬಟ್ಟೆ ಒಗೆದವರಿಗೆ ಇಂಥದ್ದು ಮೊದಲು ಕಾಣುತ್ತೆ. ನಿಮ್ಮಪ್ಪ ಕೂದಲಿಗೆ ಏನು ಹಾಕ್ತಾರೆ?"

"ಸ್ವಂತ ಕೂದಲೇ ಬಿಳಿ. ರಾಜಕೀಯಕ್ಕೆ ಕಪ್ಪು ಹಚ್ಚಿಸ್ತಾರೆ. ಜಡ್ಜಿನ ಪಾತ್ರಕ್ಕೆ ಆ ಕಪ್ಪಿನ ಮೇಲೆ ಬಿಳಿ ಪುಡಿ ಹಾಕಿಸ್ತಾರೆ."

"ಭೇಷ್," ಎಂದ ಮೈದುನ. "ದೇವರು ಕೊಟ್ಟಿದ್ದನ್ನ ಒರೆಸಿ, ಆಮೇಲೆ ಅದನ್ನೇ ದುಡ್ಡು ಕೊಟ್ಟು ತರೋದು."

"ಅಂದ್ರೆ ಇದು ಬಣ್ಣ ತೊಳೆಯೋ ಮುಂಚೆ ತೆಗೆದದ್ದು. ನಿನ್ನೆ, ಶೂಟಿಂಗ್ ಜಾಗದಲ್ಲೇ. ಆ ಮರದ ಗೋಡೆ ನೋಡು, ಗೇಣಿಗೊಂದು ಸಲ ಅದೇ ಗಂಟು, ಅದೇ ಗೆರೆ. ಮರ ಹೀಗೆ ಕಾಪಿ ಹೊಡೆಯಲ್ಲ. ಅದು ಬಣ್ಣ ಬಳಿದ ಹಲಗೆ." ಟೀಚರಮ್ಮ ಕೈಚೀಲ ಹೆಗಲಿಗೇರಿಸಿದರು. "ಹೊರಡಿ. ಗಂಟೆ ಒಂದಾಗ್ತಾ ಬಂತು."

ಬಾಗಿಲ ಹತ್ತಿರ ನಿಂತು ಮೈದುನನ ಎದೆ ನೋಡಿ ಮುಖ ಸಿಂಡರಿಸಿದರು. "ಆ ಗುಂಡಿ ನೇತಾಡ್ತಿದೆ. ಬೆಳಿಗ್ಗೆನೇ ಹೇಳಿದ್ದೆ, ಬಿಚ್ಚಿ ಕೊಡು ಅಂತ."

"ಜನ ಕಾಣೆಯಾಗಿದ್ದಾರೆ, ನಿಮಗೆ ನನ್ನ ಗುಂಡಿ ಚಿಂತೆ."

"ಅದೂ ಕಾಣೆಯಾಗೋಕೆ ಮುಂಚೆ ನೋಡ್ಕೋಬೇಕಲ್ಲಪ್ಪ."

*

ಹಳೆಯ ಉಗ್ರಾಣವೊಂದರ ಒಳಗೆ ಕೋರ್ಟು ಕಟ್ಟಿದ್ದರು. ಮುಂದಿನಿಂದ ನೋಡಿದರೆ ಘನಗಂಭೀರ ನ್ಯಾಯಾಲಯ. ಹಿಂದಕ್ಕೆ ಹೋದರೆ ತೆಳು ಹಲಗೆ, ಅದಕ್ಕೆ ಊರುಗೋಲು ಕೊಟ್ಟ ಗಳುಗಳು, ಮೊಳೆ, ಒಣಗಿದ ಗೋಂದು. ಮೇಲೆ ಚಾವಣಿಯೇ ಇಲ್ಲ. ಪೀಠದ ಮೇಲಿನ ದೊಡ್ಡ ಗಡಿಯಾರ ಹನ್ನೊಂದು ಹತ್ತಕ್ಕೆ ನಿಂತಿತ್ತು. ತೀರ್ಪಿನ ದೃಶ್ಯ ಮುಗಿಯುವವರೆಗೂ ಅಲ್ಲಿ ಹನ್ನೊಂದು ಹತ್ತೇ.

ಶೂಟಿಂಗ್ ನಿಂತಿದ್ದರಿಂದ ಜನ ಇರಲಿಲ್ಲ. ಸಾಕ್ಷಿಕಟ್ಟೆಯ ಮೆಟ್ಟಿಲ ಮೇಲೆ ಪಿಸುರಾಯರೊಬ್ಬರೇ ಕೂತಿದ್ದರು. ಸಣಕಲು ದೇಹ, ಕುತ್ತಿಗೆಗೆ ಸುತ್ತಿದ ಮಫ್ಲರು, ಸದ್ದಾಗದ ರಬ್ಬರ್ ಚಪ್ಪಲಿ, ಪಕ್ಕದಲ್ಲಿ ಬಿಸಿನೀರಿನ ಫ್ಲಾಸ್ಕು.

"ಬಾಮ್ಮ," ಎಂದರು ಮಗಳಿಗೆ. ಅವರ ದನಿ ಯಾವತ್ತೂ ಎದುರಿನವರ ಕಿವಿ ದಾಟಿ ಒಂದು ಅಂಗುಲವೂ ಮುಂದೆ ಹೋಗುತ್ತಿರಲಿಲ್ಲ. "ಏನಾದ್ರೂ ಗೊತ್ತಾಯ್ತಾ?"

"ನಿಮ್ಮನ್ನೇ ಕೇಳೋಕೆ ಬಂದ್ವಿ ಮಾಮ."

ಟೀಚರಮ್ಮ ಸುತ್ತಿಬಳಸಲಿಲ್ಲ. ಪೀಠದ ಹಿಂದಿನ ಗೋಡೆಯ ಹತ್ತಿರ ಹೋಗಿ, ಹಲಗೆಯ ಮೇಲೆ ಬರೆದ ಗಂಟನ್ನು ಮುಟ್ಟಿದರು. "ರಾಯರೇ, ರಾಜೀನಾಮೆ ವಿಡಿಯೊ ತೆಗೆದದ್ದು ಇಲ್ಲೇ. ಅವರು ಪ್ರತಿ ಮಾತಿಗೂ ಬಲಗಿವಿ ಕೊಟ್ಟಿದ್ದಾರೆ. ಬಲಗಡೆ ನಿಂತು ಹೇಳಿಕೊಟ್ಟವರು ನೀವು."

ಪಿಸುರಾಯರು ಫ್ಲಾಸ್ಕಿನ ಮುಚ್ಚಳ ತೆಗೆದು ಒಂದು ಗುಟುಕು ನೀರು ಕುಡಿದರು. ಸಿಟ್ಟು ಬಂದಾಗ ಬೇರೆಯವರು ಕೂಗುತ್ತಾರೆ. ಅವರ ದನಿ ಇನ್ನೂ ಕೆಳಗಿಳಿಯಿತು.

"ಅಮ್ಮ, ಕೊಲೆ ಮಾಡಿದ್ದೀರಿ ಅನ್ನಿ, ಸಹಿಸ್ಕೋತೀನಿ. ಆ ವಿಡಿಯೊ ನಾನು ಹೇಳಿಕೊಟ್ಟದ್ದು ಅನ್ಬೇಡಿ. ಶಾಸಕ ಸ್ಥಾನಕ್ಕೂ ಅಂದ್ಮೇಲೆ ಉಸಿರು ಬಿಟ್ಟಿದ್ದಾರೆ. ಮತದಾರ ಬಂಧುಗಳೇ ಅಂದ್ಮೇಲೆ ಇಡೀ ಒಂದು ಬಸ್ಸು ಹೋಗೋಷ್ಟು ಜಾಗ ಬಿಟ್ಟಿದ್ದಾರೆ. ನನ್ನ ಕೈಯಲ್ಲಿ ಅವರು ಯಾವತ್ತಾದ್ರೂ ಅಷ್ಟು ಕೆಟ್ಟದಾಗಿ ಮಾತಾಡಿದ್ದುಂಟಾ?"

"ಉತ್ತರ ಚೆನ್ನಾಗಿದೆ. ಆದ್ರೆ ನಾನು ಕೇಳಿದ್ದು ಕಿವಿ ವಿಷಯ."

"ಮಾಮ," ಎಂದಳು ಮಗಳು. "ಅಪ್ಪನ ಕಿವಿ ವಿಷಯ ನಿಮಗೆ ಬಿಟ್ರೆ ಯಾರಿಗೆ ಗೊತ್ತು? ಬೇರೆ ಯಾರೇ ಆಗಿದ್ರೂ ಅರ್ಧ ಸಲವಾದ್ರೂ ಎಡಗಡೆ ನಿಲ್ತಿದ್ರು. ಹೇಳಿ, ಯಾರು ಇದನ್ನ ಮಾಡಿಸಿದ್ರು ನಿಮ್ಮ ಕೈಲಿ? ಅಪ್ಪ ಎಲ್ಲಿದ್ದಾರೆ?"

"ನಂಗೆ ಗೊತ್ತಿಲ್ಲ ಮಗಳೇ."

"ಸುಳ್ಳು."

ಆ ಒಂದು ಪದಕ್ಕೆ ಪಿಸುರಾಯರ ಮುಖ ಹೊಡೆತ ತಿಂದಂತೆ ಆಯಿತು.

"ಬಲಗಿವಿ ನಂದೇ," ಎಂದರು. "ಇಪ್ಪತ್ತು ವರ್ಷ. ಹದಿನೇಳು ಸಿನಿಮಾದ ಹದಿನೇಳು ತೀರ್ಪೂ ಮೊದಲು ಹೇಳಿದ್ದು ನಾನು. ದೀಪದವನ ಹೆಸರು ಪರದೆ ಮೇಲೆ ಬಂತು, ಊಟ ಬಡಿಸಿದವನ ಹೆಸರು ಬಂತು. ನನ್ನದು ಒಂದಕ್ಕೂ ಬರ್ಲಿಲ್ಲ. ಹೋಗ್ಲಿ ಬಿಡು ಅಂತ ಬಿಟ್ಟೆ. ಇವತ್ತು ಕೊನೆಗೂ ಬಂತು ನೋಡು ನನ್ನ ಹೆಸರು. ಕಳ್ಳ ಅಂತ."

ಟೀಚರಮ್ಮ ಕೈಚೀಲದಿಂದ ಸೂಜಿಯ ಡಬ್ಬಿ ತೆಗೆದು ಸಾಕ್ಷಿಕಟ್ಟೆಯ ಮೇಲಿಟ್ಟರು. ಬಿಳಿ ದಾರ ಪೋಣಿಸಿ ಮೈದುನನ ಅಂಗಿ ಹಿಡಿದೆಳೆದರು.

"ಅತ್ತಿಗೆ! ಇಂಥ ಹೊತ್ತಲ್ಲಿ?"

"ಅಲ್ಲಾಡ್ಬೇಡ, ಚುಚ್ಚುತ್ತೆ. ಕೈಗೊಂದು ಕೆಲಸ ಇದ್ರೆ ನನ್ನ ತಲೆ ಓಡುತ್ತೆ. ಆ ವಿಡಿಯೊ ನಿನ್ನ ಫೋನಲ್ಲಿ ಹಾಕಿ ಹಿಡ್ಕೋ."

ಮೈದುನ ಒಂದು ಕೈಯಲ್ಲಿ ಫೋನ್ ಎತ್ತಿ ಹಿಡಿದು ಬೊಂಬೆಯಂತೆ ನಿಂತ. ಟೀಚರಮ್ಮ ಗುಂಡಿಯನ್ನು ಅದರ ಜಾಗಕ್ಕೆ ಒತ್ತಿ ಒಂದು ಹೊಲಿಗೆ ಹಾಕಿದರು, ಎರಡು ಹಾಕಿದರು. ರಾಯರ ಮಾತಿನಲ್ಲಿ ನೋವಿತ್ತು. ನೋವಿದ್ದ ಮಾತ್ರಕ್ಕೆ ಅದು ಸತ್ಯವಾಗುವುದಿಲ್ಲ. ಆದರೆ ಆ ಉಸಿರಿನ ಮಾತು ಸತ್ಯ. ಕಲಿತ ಕೈ ಬೇಕೆಂದರೂ ಹಾಗೆ ಕೆಡಿಸಲಾರದು. ಮೂರನೇ ಹೊಲಿಗೆ ಎಳೆಯುತ್ತಾ ಫೋನಿನಲ್ಲಿ ನಿಂತಿದ್ದ ಜಡ್ಜಣ್ಣನ ಎದೆ ನೋಡಿದರು.

ಸೂಜಿ ಅಲ್ಲೇ ನಿಂತಿತು.

ಮೈದುನನ ಅಂಗಿ ನೋಡಿದರು. ಮತ್ತೆ ಫೋನ್ ನೋಡಿದರು.

"ಅಯ್ಯೋ ನನ್ನ ಬುದ್ಧಿಯೇ," ಎಂದರು. ಆಮೇಲೆ ನಕ್ಕರು. ತಪ್ಪು ಸಿಕ್ಕಿದ್ದಕ್ಕೆ ಅವರಿಗೆ ನಾಚಿಕೆಯಾಗುವುದಿಲ್ಲ, ಕಳೆದ ಸೂಜಿ ಸಿಕ್ಕಷ್ಟೇ ಸಂತೋಷ. "ನಲವತ್ತು ವರ್ಷದಿಂದ ಗಂಡ, ಮಕ್ಕಳು, ಮೈದುನ ಅಂತ ಗುಂಡಿ ಹಾಕ್ತಾ ಬಂದಿದ್ದೀನಿ. ಗಂಡಸರ ಅಂಗಿಗೆ ಗುಂಡಿ ಬಲಗಡೆ, ಕಾಜ ಎಡಗಡೆ. ನಿಂದು ಹಾಗೇ ಇದೆ. ರಾಯರದ್ದೂ ಹಾಗೇ ಇದೆ. ಜಡ್ಜಣ್ಣಂದು ನೋಡು."

ಮೈದುನ ಫೋನನ್ನು ತನ್ನತ್ತ ತಿರುಗಿಸಿಕೊಂಡ. ಶಾಲಿನ ಸಂದಿಯ ಮೂರು ಗುಂಡಿಗಳೂ ಎಡಗಡೆ ಇದ್ದವು.

"ಹೆಂಗಸರ ಅಂಗಿ ಹಾಕ್ಕೊಂಡಿದ್ದಾರೆ ಅಂತೀರಾ?"

"ಅಂಗಿ ಸರಿಯಾಗೇ ಇದೆ ಕಣೋ. ಚಿತ್ರ ಉಲ್ಟಾ ಇದೆ. ಕನ್ನಡಿಯ ಹಾಗೆ."

ಮೈದುನನ ಬಾಯಿ ತೆರೆದುಕೊಂಡಿತು. ಇನ್ನು ಮುಂದಿನದು ಅವನ ವಿದ್ಯೆ. "ಹೌದಲ್ಲ! ತನ್ನ ವಿಡಿಯೊ ತಾನೇ ತೆಗೆದ್ರೆ ಕೆಲವು ಫೋನು ಕನ್ನಡೀಲಿ ಕಂಡ ಹಾಗೇ ತಿರುಗಿಸಿ ಇಟ್ಕೋತವೆ. ಎದುರಿಗೆ ನಿಂತು ಬೇರೆಯವರು ತೆಗೆದ್ರೆ ಹೀಗಾಗಲ್ಲ. ಸಿನಿಮಾ ಕ್ಯಾಮೆರಾ ಅಂತೂ ಯಾವತ್ತೂ ಹೀಗೆ ಮಾಡಲ್ಲ. ತಡೀರಿ, ಸರಿ ಮಾಡ್ತೀನಿ."

ಅವನ ಹೆಬ್ಬೆರಳು ನಾಲ್ಕಾರು ಸಲ ಓಡಾಡಿತು. ಚಿತ್ರ ತಿರುಗಿತು. ಅವನು ಫೋನನ್ನು ಮಗಳ ಮುಂದೆ ಹಿಡಿದ.

"ಅಪ್ಪ," ಎಂದಳು ಅವಳು. ಬೆಳಿಗ್ಗೆಯಿಂದ ಎಷ್ಟೋ ಸಲ ಆಡಿದ ಪದವೇ, ಆದರೆ ಮೊದಲ ಬಾರಿಗೆ ಗುರುತು ಹಿಡಿದ ದನಿಯಲ್ಲಿ. "ಈಗ ಅಪ್ಪನ ಹಾಗಿದ್ದಾರೆ. ಎಡಗಡೆ ಮೀಸೆ ತುದಿ ಸ್ವಲ್ಪ ಮೇಲಕ್ಕೆ ಹೋಗುತ್ತೆ. ಅದು ಬಲಗಡೆ ಹೋಗಿತ್ತು. ಅದಕ್ಕೇ ನಂಗೆ..."

"ಅದಕ್ಕೇ ನಿನಗೆ ಬೇರೆ ಥರ ಕಂಡದ್ದು. ನೀನು ಮೊದಲನೇ ಮಾತಲ್ಲೇ ಹೇಳಿದ್ದೆ, ನಾನು ಕಿವಿಗೆ ಹಾಕ್ಕೊಳ್ಳಲಿಲ್ಲ. ಈಗ ಆ ತಲೆ ಯಾವ ಕಡೆ ವಾಲಿದೆ, ನೋಡು."

ಮಗಳು ನೋಡಿದಳು. ಎಡಕ್ಕೆ. ಪ್ರತಿ ಮಾತಿಗೂ ಎಡಕ್ಕೆ. ಕೇಳದ ಕಿವಿಯನ್ನು ಖಾಲಿ ಗೋಡೆಗೆ ಕೊಟ್ಟು ಜಡ್ಜಣ್ಣ ರಾಜೀನಾಮೆ ಓದುತ್ತಿದ್ದರು.

"ಆ ಕಡೆ ನಿಂತು ಯಾರು ಹೇಳಿಕೊಟ್ರೂ ಅವರಿಗೆ ಕೇಳಿಸಲ್ಲ," ಎಂದರು ಟೀಚರಮ್ಮ ನಿಧಾನವಾಗಿ. "ಅಂದ್ರೆ ಹೇಳಿಕೊಡೋರು ಯಾರೂ ಇರಲಿಲ್ಲ. ಎದುರಿಗೆ ಫೋನ್ ಇಟ್ಕೊಂಡು ಒಬ್ಬರೇ ಕೂತು, ಒಬ್ಬರೇ ಮಾತಾಡಿದ್ದಾರೆ. ಬೇಕಂತಲೇ ಕಿವುಡು ಕಿವಿ ಕೊಟ್ಟಿದ್ದಾರೆ. ಊರಿಗೆಲ್ಲ ಅದು ರಾಜೀನಾಮೆ. ಆ ಕಿವಿಯ ವಿಷಯ ಗೊತ್ತಿರೋ ನಿನಗೆ ಮಾತ್ರ ಅದು ಕಾಗದ. ನನಗೆ ಯಾರೂ ಬಲವಂತ ಮಾಡಿಲ್ಲ ಪುಟ್ಟಿ, ಹೆದರಬೇಡ, ಹುಡುಕಬೇಡ ಅಂತ. ಪಾಪ, ಜನ್ಮವೆಲ್ಲ ಬೇರೆಯವರ ಕ್ಯಾಮೆರಾ ಮುಂದೆ ಕೂತವರಿಗೆ ತನ್ನ ಫೋನು ಬಲವನ್ನ ಎಡ ಮಾಡುತ್ತೆ ಅಂತ ಹೇಗೆ ಗೊತ್ತಾಗಬೇಕು? ಕಾಗದ ತಲುಪಿತು, ಅರ್ಥ ತಲೆಕೆಳಗಾಯಿತು."

ಮಗಳು ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡು ಕುಸಿದು ಕೂತಳು. ಈ ಸಲದ ಅಳು ಬೇರೆ. ಟೀಚರಮ್ಮ ಅವಳ ತಲೆ ನೇವರಿಸಿದರು.

"ಮತ್ತೆ ಯಾಕೆ ಈ ನಾಟಕ?" ಎಂದ ಮೈದುನ.

"ಬ್ರೇಕ್ ಕತ್ತರಿಸಿದವರು ನಿಶ್ಚಿಂತೆಯಾಗಿ ಇರ್ಲಿ ಅಂತ. ಮುದುಕ ಹೆದರಿ ಓಡಿದ ಅಂತ ಅವರು ಕಾಲು ಚಾಚಿ ಕೂತಿರ್ತಾರೆ. ಬಾಯಲ್ಲಿ ಹೇಳಿದ ರಾಜೀನಾಮೆಗೆ ಬೆಲೆ ಇಲ್ಲ, ಬರೆದು ಕೊಡ್ಬೇಕು. ಅದು ಜಡ್ಜಣ್ಣನಿಗೆ ಗೊತ್ತಿಲ್ವಾ? ನಾಲ್ಕು ಗಂಟೆಗೆ ಸಭೆ ಶುರುವಾದಾಗ ವರದಿ ಹಿಡ್ಕೊಂಡು ಬಂದು ನಿಲ್ತಾರೆ. ಹದಿನೇಳು ಸಿನಿಮಾದಲ್ಲಿ ಬಾರದ ನಟನೆ ನಿನ್ನೆ ಒಂದೇ ದಿನದಲ್ಲಿ ಬಂದುಬಿಟ್ಟಿದೆ ಆ ಮನುಷ್ಯನಿಗೆ!"

ಅವರು ಪಿಸುರಾಯರ ಕಡೆ ತಿರುಗಿ ಕೈ ಜೋಡಿಸಿದರು. "ರಾಯರೇ, ನಾನು ತಪ್ಪು ಮಾಡಿದೆ. ದೊಡ್ಡ ಮಾತು ಆಡಿಬಿಟ್ಟೆ, ಮನಸ್ಸಲ್ಲಿ ಇಟ್ಕೋಬೇಡಿ."

ಮಗಳು ಎದ್ದು ಬಂದು ಅವರ ಕೈ ಹಿಡಿದಳು. "ಸುಳ್ಳು ಅಂದೆ ನಿಮಗೆ. ಬೈದುಬಿಡಿ ಮಾಮ."

ಪಿಸುರಾಯರು ಕನ್ನಡಕ ತೆಗೆದು ಮಫ್ಲರಿನ ತುದಿಯಲ್ಲಿ ಒರೆಸಿದರು. ಒರೆಸುತ್ತಲೇ ಇದ್ದರು.

"ನಾಲ್ಕು ಗಂಟೆಗೆ ಬರ್ತಾರೆ ಅಂತೀರಾ?" ಎಂದರು.

"ಬಂದೇ ಬರ್ತಾರೆ."

"ವರದಿ ಅವರ ಹತ್ರಾನೇ ಇರುತ್ತಲ್ಲ?"

"ಇನ್ನೆಲ್ಲಿರುತ್ತೆ?"

"ಮುಂದಿನ ಬಾಗಿಲಲ್ಲಿ ಪತ್ರಿಕೆಯವರು ಮುತ್ತಿಕೊಂಡಿರ್ತಾರೆ," ಎಂದರು ರಾಯರು, ಕನ್ನಡಕ ಹಾಕಿಕೊಳ್ಳುತ್ತಾ. "ಹೇಗೆ ಒಳಗೆ ಬರ್ತಾರೋ."

"ಅದೇನು ದೊಡ್ಡ ವಿಷ್ಯ?" ಮೈದುನ ನಕ್ಕು ಪೀಠದ ಹಿಂದಿನ ಬಣ್ಣದ ಬಾಗಿಲು ತೋರಿಸಿದ. "ಯಾವ ಸಿನಿಮಾದಲ್ಲಿ ಜಡ್ಜು ಮುಂದಿನ ಬಾಗಿಲಿಂದ ಬಂದಿದ್ದಾರೆ?"

ಮಗಳಿಗೂ ನಗು ಬಂತು. ಬೆಳಿಗ್ಗೆಯಿಂದ ಮೊದಲ ಸಲ ಅವಳ ಭುಜ ಸಡಿಲವಾಗಿತ್ತು. "ನಿಜ. ಅಪ್ಪ ಸಭೆಗೂ ಗ್ರಂಥಾಲಯದ ಹಿಂದಿನ ಮೆಟ್ಟಿಲು ಹತ್ತಿಯೇ ಹೋಗೋದು. ಕಾವಲಿನವನಿಗೆ ಬಿಟ್ರೆ ಆ ದಾರಿ ಯಾರಿಗೂ ನೆನಪೇ ಇಲ್ಲ ಅಂತಾರೆ."

"ಹೋಗಿ ಬನ್ನಿ ಮಗಳೇ," ಎಂದರು ಪಿಸುರಾಯರು. "ನಾನು ಇಲ್ಲಿ ಬಾಗಿಲು ಹಾಕ್ಕೊಂಡು ಬರ್ತೀನಿ."

*

ಕಾರಿನ ತನಕ ಬಂದ ಮೇಲೆ ಟೀಚರಮ್ಮನಿಗೆ ಸೂಜಿಯ ಡಬ್ಬಿ ನೆನಪಾಯಿತು. ಸಾಕ್ಷಿಕಟ್ಟೆಯ ಮೇಲೆಯೇ ಬಿಟ್ಟು ಬಂದಿದ್ದರು.

"ನಾನು ತರ್ತೀನಿ ಅತ್ತಿಗೆ."

"ಬೇಡ, ಕಾರು ತಿರುಗಿಸಿ ಇಡು. ಒಂದು ನಿಮಿಷ."

ಉಗ್ರಾಣದ ಪಕ್ಕದ ಬಾಗಿಲಿಂದ ಒಳಗೆ ಹೋದರು. ಈ ಬಾಗಿಲು ಕೋರ್ಟಿನ ಹಿಂಬದಿಗೆ ಬರುತ್ತಿತ್ತು. ಊರುಗೋಲುಗಳ ನಡುವೆ ಸೀರೆ ಸಿಕ್ಕದ ಹಾಗೆ ಒಂದೊಂದೇ ಹೆಜ್ಜೆ ಇಟ್ಟರು. ಮನಸ್ಸು ಹಗುರಾಗಿತ್ತು. ಮಗು ಅಪ್ಪನನ್ನು ನಾಲ್ಕು ಗಂಟೆಗೆ ನೋಡುತ್ತದೆ. ಆರು ಮನೆಗಳಿಗೆ ಉತ್ತರ ಸಿಗುತ್ತದೆ.

ಆದರೂ ಎಲ್ಲೋ ಒಂದು ಕಡೆ ಏನೋ ಚುಚ್ಚುತ್ತಿತ್ತು.

ಶಾಲೆಯಲ್ಲಿ ಮಕ್ಕಳು ತಪ್ಪಿಸಿಕೊಂಡ ಎಷ್ಟೋ ದಿನಗಳನ್ನು ಅವರು ನೋಡಿದ್ದರು. ಮಗು ಸಿಕ್ಕಿತು ಎಂದು ಸುದ್ದಿ ಮುಟ್ಟಿಸಿದಾಗ ಯಾವ ತಾಯಿಯೂ, ಯಾವ ತಂದೆಯೂ ಬೇರೇನನ್ನೂ ಕೇಳಿದ್ದಿಲ್ಲ. ಹೇಗಿದೆ? ಏನಾದರೂ ತಿಂದಿದೆಯಾ? ಅಷ್ಟೇ. ಅಜ್ಜಿಯರೂ ಅದನ್ನೇ ಕೇಳುತ್ತಿದ್ದರು, ಪಕ್ಕದ ಮನೆಯವರೂ.

ಇಪ್ಪತ್ತು ವರ್ಷ ಆ ಬಲಗಿವಿಯ ಪಕ್ಕ ನಿಂತವರು ಕೇಳಿದ್ದು ಬೇರೆ. ಎಷ್ಟು ಗಂಟೆಗೆ? ವರದಿ ಎಲ್ಲಿ? ಯಾವ ಬಾಗಿಲು?

ಟೀಚರಮ್ಮನ ಹೆಜ್ಜೆ ನಿಂತಿತು. ಜಡ್ಜಣ್ಣ ಮಗಳಿಗೊಂದು ಕಾಗದ ಬರೆದರು. ದಿನವಿಡೀ ಪಕ್ಕದಲ್ಲೇ ಇರುವ ಬಾಲ್ಯದ ಗೆಳೆಯನಿಗೆ ಒಂದು ಮಾತು ಯಾಕೆ ಹೇಳಲಿಲ್ಲ? ಮಗಳಿಗಾದರೂ ಮನೆಯಲ್ಲೇ ಬಾಯಿಬಿಟ್ಟು ಯಾಕೆ ಹೇಳಲಿಲ್ಲ? ಆ ಮನೆಯಲ್ಲಿ ಯಾರ ಕಿವಿಗೆ ಹೆದರಿದ್ದರು?

ತೆಳು ಹಲಗೆಯ ಆಚೆಯಿಂದ ಪಿಸುಮಾತು ಬಂತು. ಬೇರೆ ಯಾರಾಗಿದ್ದರೂ ಗಾಳಿಯೆಂದು ಬಿಡುತ್ತಿದ್ದರು. ಆದರೆ ಹಿಂದಿನ ಬೆಂಚಿನ ಪಿಸುಮಾತು ಕೇಳಿಸಿಕೊಳ್ಳದೆ ಯಾರೂ ಮೂವತ್ತು ವರ್ಷ ಪಾಠ ಮಾಡಿರುವುದಿಲ್ಲ.

"ಹೌದು ಸಾರ್. ಹೆದರಿ ಓಡಿಲ್ಲ, ಗಟ್ಟಿಮುಟ್ಟಾಗೇ ಇದ್ದಾರೆ. ವರದಿ ಕೈಯಲ್ಲೇ ಇದೆ. ನಾಲ್ಕು ಗಂಟೆಗೆ, ಗ್ರಂಥಾಲಯದ ಹಿಂದಿನ ಮೆಟ್ಟಿಲು."

ಫೋನಿನ ಆ ಕಡೆಯವನು ಏನೋ ಕೇಳುತ್ತಿದ್ದ. ಟೀಚರಮ್ಮ ಕೈಗಡಿಯಾರ ನೋಡಿಕೊಂಡರು. ಮೂರಕ್ಕೆ ಐದು ನಿಮಿಷ.

"ನನ್ನ ಊಹೆ ಅಲ್ಲ ಸಾರ್," ಎಂದಿತು ಆ ಮೆಲುದನಿ, ಒಂದು ಪದವೂ ತಡವರಿಸದೆ. "ಟೀಚರಮ್ಮನೇ ಹೇಳಿಕೊಟ್ಟರು."